ಇಂಚರ ಎಂಬ ಹೆಸರು

ಹಾಜರಿ ಪುಸ್ತಕದಲ್ಲಿ ಸಿಂಚನ, ಸ್ಪಂದನ, ಸಂಜನಾಗಳ ಸಾಲಿನಲ್ಲಿ ಇಂಚರ ಕಂಡರೆ ನನಗೆ ಒಳಗೊಳಗೇ ಖುಷಿ. ಈಚಿನ ಹೆಸರುಗಳಲ್ಲಿ ಇಷ್ಟು ಕನ್ನಡದ ಹೆಸರು ಅಪರೂಪ. ಹೆಸರಾಗಿ ಹೊಸದು, ಪದವಾಗಿ ಹಳಗನ್ನಡದ್ದು. ಇನಿದು ಎಂದರೆ ಸಿಹಿ, ಸರ ಎಂದರೆ ಸ್ವರದ ತದ್ಭವ. ಎರಡೂ ಕೂಡುವಾಗ ‘ದು’ ಕಳಚಿ ಬೀಳುತ್ತದೆ, ‘ನಿ’ ಸೊನ್ನೆಯಾಗಿ ಉಳಿಯುತ್ತದೆ, ‘ಸ’ ಮೆಲ್ಲಗೆ ‘ಚ’ ಆಗುತ್ತದೆ. ಇನಿದಾದ ದನಿ, ಹಕ್ಕಿಯ ಕೊರಳಿನ ಇಂಪು ಎಂಬ ಅರ್ಥ ಮೂರೇ ಅಕ್ಷರಗಳಲ್ಲಿ ನಿಲ್ಲುತ್ತದೆ. ಇಂಪು, ಇನಿಯ, ಇನಿದನಿ ಎಲ್ಲ ಇದರ ಒಡಹುಟ್ಟುಗಳೇ.

ಒಮ್ಮೆ ನಿಧಾನವಾಗಿ ಹೇಳಿ ನೋಡಿ. ‘ಇ’ಯ ಮುಂದಿನದು ಬರೆಯುವಾಗ ಬರೀ ಸೊನ್ನೆ, ಉಚ್ಚರಿಸುವಾಗ ಞಕಾರ. ನಾಲಿಗೆ ಅಂಗುಳಕ್ಕೆ ತಾಗಿ, ಅಲ್ಲಿಂದ ಕದಲದೆ ‘ಚ’ ನುಡಿದು, ‘ರ’ಕ್ಕೆ ತುದಿಯನ್ನಷ್ಟೇ ತಟ್ಟಿ ಹಿಂದೆ ಸರಿಯುತ್ತದೆ. ಒತ್ತಕ್ಷರವಿಲ್ಲ, ಮಹಾಪ್ರಾಣವಿಲ್ಲ. ಛಂದಸ್ಸಿನ ಲೆಕ್ಕದಲ್ಲಿ ಒಂದು ಗುರು, ಎರಡು ಲಘು: ಅಪ್ಪಟ ಭಗಣ, 4 ಮಾತ್ರೆ. ಅಂಗಳದಿಂದ ಅಜ್ಜಿ ಕೂಗಿದರೆ ಕೊನೆಯ ‘ರ’ ಬೇಕಾದಷ್ಟು ಉದ್ದಕ್ಕೆ ಹಿಗ್ಗುತ್ತದೆ, ‘ಇಂಚರಾ...’ ಎಂದು. ಹೆಸರಿಗೆ ಈ ಗುಣ ಬಹಳ ಮುಖ್ಯ. ಎಷ್ಟೋ ಚಂದದ ಹೆಸರುಗಳು ಕೂಗಿದ ಕೂಡಲೇ ಮುರುಟಿಹೋಗುತ್ತವೆ.

ಬೇಸಗೆಯ ನಸುಕಿನಲ್ಲಿ ಮಡಿವಾಳ ಹಕ್ಕಿ ತಂತಿಯ ಮೇಲೆ ಕೂತು ಹಾಡುವುದನ್ನು ಕೇಳಿದವರಿಗೆ ಈ ಹೆಸರಿನ ಅರ್ಥವನ್ನು ಬಿಡಿಸಿ ಹೇಳಬೇಕಿಲ್ಲ. ಮಗಳಿಗೆ ಈ ಹೆಸರಿಟ್ಟ ಅಪ್ಪ ಅಮ್ಮಂದಿರ ಕಿವಿ ಒಳ್ಳೆಯದು.