ಬೆಲ್ಲದ ಗಣಪ, ಬೆಲ್ಲದ್ದೇ ನೈವೇದ್ಯ

ಪು. ಲ. ದೇಶಪಾಂಡೆ ಬೆಳಗಾವಿಯ ರಾಣಿ ಪಾರ್ವತಿದೇವಿ ಕಾಲೇಜಿನಲ್ಲಿ ಪಾಠ ಹೇಳಿದವರು. ಅವರ ಹಾಸ್ಯ ಬರಹ ಮರಾಠಿಗರ ಮನೆಮಾತು. ಆದರೆ 1947ರ ‘ಕುಬೇರ’ದಿಂದ 1953ರ ‘ಗುಳಾಚಾ ಗಣಪತಿ’ವರೆಗೆ ನಟರಾಗಿ, ಲೇಖಕರಾಗಿ, ಕೊನೆಗೆ ನಿರ್ದೇಶಕರಾಗಿ ಅವರು ಸಿನಿಮಾಕ್ಕೆ ದುಡಿದ ಆರೇಳು ವರ್ಷಗಳ ಮಾತು ನಮ್ಮಲ್ಲಿ ಏಳುವುದೇ ಕಡಿಮೆ.

‘ಗುಳಾಚಾ ಗಣಪತಿ’ ಎಂದರೆ ಬೆಲ್ಲದ ಗಣಪ. ಮರಾಠಿಯಲ್ಲಿ ಅದು ಕೂತಲ್ಲೇ ಕೂರುವ ಮಂಕನಿಗೆ ಹೇಳುವ ಮಾತು. ನಮ್ಮಲ್ಲಿ ಬೆಲ್ಲದ ಗಣಪನನ್ನು ಮಾಡಿ ಅದೇ ಬೆಲ್ಲ ಚಿವುಟಿ ನೈವೇದ್ಯ ಹಿಡಿಯುವುದುಂಟಲ್ಲ, ನನಗೆ ಈ ಚಿತ್ರದ ಬಗ್ಗೆ ಹೇಳಬೇಕೆನಿಸುವುದು ಅದನ್ನೇ. ಕಥೆ, ಚಿತ್ರಕಥೆ, ಸಂಭಾಷಣೆ, ಸಂಗೀತ, ನಿರ್ದೇಶನ, ಜೊತೆಗೆ ನಾರ್ಯಾ ಎಂಬ ಮುಗ್ಧನ ಮುಖ್ಯ ಪಾತ್ರ, ಎಲ್ಲವೂ ಅವರದೇ. ‘ಸಬ್ ಕುಛ್ ಪು. ಲ.’ ಎಂದು ಜನ ಇಂದಿಗೂ ಹೆಮ್ಮೆಯಿಂದ ಹೇಳುತ್ತಾರೆ. ಚಿತ್ರದ ಕೊರತೆಯೂ ಅಲ್ಲೇ ಇದೆ. ನಟನಿಗೆ ‘ಇಷ್ಟು ಸಾಕು’ ಎನ್ನಬೇಕಾದ ನಿರ್ದೇಶಕ ತಾನೇ ಬಣ್ಣ ಹಚ್ಚಿ ನಿಂತಿದ್ದಾನೆ. ಕ್ಯಾಮೆರಾ ರಂಗದ ಮುಂದಿನ ಸಾಲಿನಲ್ಲಿ ಕೂತ ಪ್ರೇಕ್ಷಕನಂತೆ ನೋಡುತ್ತದೆ. ಮಾತು ತೆಗೆದರೆ ದೃಶ್ಯ ನಿಲ್ಲುವುದಿಲ್ಲ.

ಕಿವಿಯ ವಿಷಯ ಬೇರೆ. ಕವಿ ಗ. ದಿ. ಮಾಡಗೂಳಕರರು ಇಂದ್ರಾಯಣಿ ನದಿಯ ದಡದ ಪುಣ್ಯಕ್ಷೇತ್ರ ಆಳಂದಿಯನ್ನು ಕುರಿತು ಬರೆದ ಕೆಲವೇ ಸಾಲುಗಳ ಹಾಡನ್ನು ಪು. ಲ. ಒಪ್ಪಿಸಿದ್ದು ನಮ್ಮ ಗದುಗಿನ ಭೀಮಸೇನ ಜೋಶಿಯವರ ಕೊರಳಿಗೆ. ಚಿತ್ರ ನೋಡದವರೂ ಆ ಹಾಡಿಗೆ ಕೈಮುಗಿಯುತ್ತಾರೆ. ಬೆಳಗಾವಿ ಪಕ್ಕದ ಸುಳೇಭಾವಿಯಲ್ಲಿ ಹುಟ್ಟಿದ ಗಾಯಕ ಕುಮಾರ ಗಂಧರ್ವರು ಪು. ಲ. ಅವರ ಆಪ್ತ ಗೆಳೆಯರು. ದೇಶಪಾಂಡೆಯವರ ಪ್ರತಿಭೆ ಕಣ್ಣಿನದಲ್ಲ, ಕಿವಿಯದು. ಅವರು ನಟನೆ, ನಿರ್ದೇಶನ ಬಿಟ್ಟು 1955ರಲ್ಲಿ ಆಕಾಶವಾಣಿ ಸೇರಿದ್ದು ನಷ್ಟವೆಂದು ನನಗನ್ನಿಸುವುದಿಲ್ಲ. 1992ರ ‘ಏಕ್ ಹೋತಾ ವಿದೂಷಕ್’ಗೆ ಅವರು ಚಿತ್ರಕಥೆ ಬರೆದರು, ನಿರ್ದೇಶನ ಜಬ್ಬಾರ್ ಪಟೇಲರಿಗೆ ಬಿಟ್ಟರು. ಅದು ಸರಿಯಾದ ಹಂಚಿಕೆ.

ಅವರು ತೆಗೆದ ಅತ್ಯುತ್ತಮ ಚಿತ್ರ ಪರದೆಯ ಮೇಲಿಲ್ಲ, ‘ಗಣಗೋತ’ ಪುಸ್ತಕದ ‘ರಾವಸಾಹೇಬ’ ಎಂಬ ವ್ಯಕ್ತಿಚಿತ್ರದಲ್ಲಿದೆ. ರಾವಸಾಹೇಬರೆಂದರೆ ಬೆಳಗಾವಿಯ ಕೃಷ್ಣರಾವ್ ಹರಿಹರ, ನಾಟಕ ಮತ್ತು ಸಂಗೀತದ ಹುಚ್ಚಿನ ದೊಡ್ಡ ಮನಸ್ಸಿನ ಮನುಷ್ಯ. ಅವರ ಮರಾಠಿಯ ತುಂಬ ಕನ್ನಡದ ಎಳೆತ, ಲಿಂಗವೆಲ್ಲ ಅದಲುಬದಲು. ಬೈಗುಳದಲ್ಲೂ ಅಕ್ಕರೆ.

ಆ ಅದಲುಬದಲು ಏಕೆಂದು ಖಾನಾಪುರ ಸ್ಟೇಷನ್ನಿನಲ್ಲಿ ನಿಂತರೆ ತಿಳಿಯುತ್ತದೆ. ಮರಾಠಿಯಲ್ಲಿ ಚಹಾ ಗಂಡು, ಕುರ್ಚಿ ಹೆಣ್ಣು. ಕನ್ನಡಕ್ಕೆ ಎರಡೂ ‘ಅದು’. ಲೋಂಡಾ ಕಡೆಯ ಗಾಡಿಗೆ ಕಾಯುತ್ತಿದ್ದಾಗ ಪಕ್ಕದ ಹಿರಿಯರೊಬ್ಬರು ‘ಚಹಾ ಆಲಾ’ ಎನ್ನಬೇಕಾದಲ್ಲಿ ‘ಚಹಾ ಆಲೀ’ ಎಂದರು. ಚಹಾದ ಹುಡುಗ ತಿದ್ದಲಿಲ್ಲ, ‘ತಗೋರಿ ಅಜ್ಜಾರ’ ಎಂದು ಕನ್ನಡದಲ್ಲೇ ಲೋಟ ಕೊಟ್ಟ. ನಾವು ನಾಚಿಕೊಂಡು ತಿದ್ದಿಕೊಳ್ಳುವ ಈ ತಪ್ಪನ್ನು ಪು. ಲ. ಒಂದಕ್ಷರವೂ ತಿದ್ದದೆ, ರಾವಸಾಹೇಬರ ಬಾಯಲ್ಲಿ ಬಂದ ಹಾಗೆಯೇ ಬರೆದಿಟ್ಟರು. ಮುಂದೆ ಸಭೆಗಳಲ್ಲಿ ಓದುವಾಗ ಆ ಎಳೆತವನ್ನು ತಮ್ಮ ದನಿಯಲ್ಲೇ ತಂದರು.