ವಂಶಾವಳಿಯೂ ವಿಮರ್ಶೆಯೂ: ಜೇಮ್ಸ್ ತಿಯೆರೆಯ ರಂಗಕೃತಿಗಳು

ಕಲಾವಿದನ ಸಾಧನೆಯನ್ನು ಅವನ ವಂಶದಿಂದ ವಿವರಿಸುವ ರೂಢಿ ಬಹಳ ಹಳೆಯದು. ಅರಸರ ಶಾಸನಗಳಲ್ಲಿ ಪ್ರಶಸ್ತಿಭಾಗವು ವಂಶಾವಳಿಯಿಂದ ಮೊದಲಾಗುವಂತೆ, ಕಲಾವಿದರ ಚರಿತ್ರೆಗಳೂ ತಾತ ಮುತ್ತಾತಂದಿರ ಹೆಸರುಗಳಿಂದಲೇ ಮೊದಲಾಗುತ್ತವೆ. ಶಾಸನವನ್ನು ಓದುವಾಗ ಇತಿಹಾಸದ ವಿದ್ಯಾರ್ಥಿಯು ಎಚ್ಚರದಿಂದಿರುತ್ತಾನೆ. ಅಲ್ಲಿಯ ವಂಶಾವಳಿ ನಡೆದುದನ್ನು ತಿಳಿಸುವುದಕ್ಕಿಂತ ಹೆಚ್ಚಾಗಿ ಅಧಿಕಾರವನ್ನು ಸಮರ್ಥಿಸುವುದಕ್ಕಾಗಿ ಬರೆದುದೆಂಬುದು ಅವನಿಗೆ ಗೊತ್ತು. ಆದರೆ ಕಲಾವಿಮರ್ಶೆಯನ್ನು ಓದುವಾಗ ಈ ಎಚ್ಚರ ಸಡಿಲವಾಗುತ್ತದೆ. ಈ ದೋಷದ ಪ್ರಸಕ್ತ ನಿದರ್ಶನವೊಂದನ್ನು ಪರಿಶೀಲಿಸುವುದು ಈ ಲೇಖನದ ಉದ್ದೇಶ. ನಿದರ್ಶನವು ಫ್ರೆಂಚ್ ರಂಗಭೂಮಿಯದು. ಸರ್ಕಸ್ಸಿನ ಆಟಗಾರನಾಗಿ ಬೆಳೆದು ನಿರ್ದೇಶಕನಾದ ಜೇಮ್ಸ್ ತಿಯೆರೆಯದು.

ದೋಷವನ್ನು ಪರರಲ್ಲಿ ತೋರಿಸುವ ಮೊದಲು ನನ್ನದನ್ನು ಒಪ್ಪಿಕೊಳ್ಳಬೇಕು. ಯೂರೋಪಿನ ಮನರಂಜನೆಯ ಇತಿಹಾಸವನ್ನು ಕುರಿತ ತರಗತಿಯೊಂದರಲ್ಲಿ ನಾನು ಈತನನ್ನು ‘ಚಾರ್ಲಿ ಚಾಪ್ಲಿನ್ನನ ಮೊಮ್ಮಗ, ತಾತನ ವಿದ್ಯೆಯನ್ನು ಪಡೆದವನು’ ಎಂದು ಪರಿಚಯಿಸಿದೆ. ಹಿಂದಿನ ಬೆಂಚಿನ ವಿದ್ಯಾರ್ಥಿನಿಯೊಬ್ಬಳು ಎದ್ದುನಿಂತು, ‘ತಾತ ತೀರಿಕೊಂಡಾಗ ಮೊಮ್ಮಗನಿಗೆ ಎಷ್ಟು ವಯಸ್ಸು ಸಾರ್?’ ಎಂದು ಕೇಳಿದಳು. ನನ್ನಲ್ಲಿ ಉತ್ತರವಿರಲಿಲ್ಲ. ಇತಿಹಾಸದ ಅಧ್ಯಾಪಕನು ಮೊದಲು ಕೇಳಿಕೊಳ್ಳಬೇಕಾಗಿದ್ದ ಪ್ರಶ್ನೆ ಅದು. ಜೇಮ್ಸ್ ಹುಟ್ಟಿದ್ದು 1974ರ ಮೇ ತಿಂಗಳಲ್ಲಿ, ಸ್ವಿಟ್ಸರ್ಲೆಂಡಿನ ಲೊಸಾನಿನಲ್ಲಿ; ಚಾಪ್ಲಿನ್ ತೀರಿಕೊಂಡುದು 1977ರ ಡಿಸೆಂಬರ್ 25ರಂದು. ಆಗ ಮಗುವಿಗೆ ಮೂರೂವರೆ ವರ್ಷ ತುಂಬಿತ್ತಷ್ಟೆ. ಅದು ರಂಗದ ಮೇಲೆ ಕಾಲಿಟ್ಟುದು ನಾಲ್ಕರ ವಯಸ್ಸಿನಲ್ಲಿ. ತಾತನು ಮೊಮ್ಮಗನ ಒಂದು ಆಟವನ್ನೂ ನೋಡಿದವನಲ್ಲ.

ರಕ್ತದ ಮೂಲಕ ಕಲೆ ಹರಿಯುತ್ತದೆಂದು ವಾದಿಸುವವರಿಗೆ ಇನ್ನೊಂದು ಸಂಗತಿಯನ್ನು ನೆನಪಿಸಬಹುದು. ಚಾಪ್ಲಿನ್ನನ ಮಡದಿ ಊನಾ, ಅಮೆರಿಕದ ಮಹಾನಾಟಕಕಾರ ಯೂಜೀನ್ ಓನೀಲನ ಮಗಳು. ಆದುದರಿಂದ ಜೇಮ್ಸ್ ತಿಯೆರೆಯು ಚಾಪ್ಲಿನ್ನನಿಗೆ ಮೊಮ್ಮಗನಾದರೆ ಓನೀಲನಿಗೆ ಮರಿಮೊಮ್ಮಗ. ಆದರೂ ಅವನ ಕೃತಿಗಳಲ್ಲಿ ಓನೀಲನ ಛಾಯೆಯನ್ನು ಯಾರೂ ಹುಡುಕುವುದಿಲ್ಲ. ಸಂಭಾಷಣೆಯನ್ನೇ ಬಿಟ್ಟುಕೊಟ್ಟ ರಂಗಕೃತಿಗಳಲ್ಲಿ ಮಾತಿನ ಮಹಾಶಿಲ್ಪಿಯನ್ನು ಹುಡುಕುವುದಾದರೂ ಹೇಗೆ? ಹೋಲಿಕೆ ಕಂಡ ಕಡೆ ವಂಶವನ್ನು ಹಿಡಿದು, ಕಾಣದ ಕಡೆ ಅದನ್ನು ಮರೆಯುವುದು ಪ್ರಮಾಣವೆನಿಸದು.

ಹಾಗಾದರೆ ಈತನ ನಿಜವಾದ ಪಾಠಶಾಲೆ ಯಾವುದು? ಅದು ತಂದೆತಾಯಿಗಳ ಸರ್ಕಸ್ಸು. ತಂದೆ ಜ್ಯಾಂ-ಬಾಪ್ತಿಸ್ತ್ ತಿಯೆರೆ ಮೊದಲು ನಟ. ಅಲೆ ರೆನೆಯ 1963ರ ‘ಮ್ಯೂರಿಯೆಲ್’ ಚಿತ್ರದಲ್ಲಿ ಮುಖ್ಯಪಾತ್ರವೊಂದನ್ನು ವಹಿಸಿದ್ದವನು. ತಾಯಿ ವಿಕ್ಟೋರಿಯಾ, ಚಾಪ್ಲಿನ್ನನ ಮಗಳು. ರೆಕ್ಕೆಗಳುಳ್ಳ ಹುಡುಗಿಯೊಬ್ಬಳ ಕಥೆಯನ್ನು ‘ದಿ ಫ್ರೀಕ್’ ಎಂಬ ಹೆಸರಿನಿಂದ ಬರೆದು, ಆ ಪಾತ್ರವನ್ನು ಈ ಮಗಳಿಗಾಗಿಯೇ ಚಾಪ್ಲಿನ್ ಮೀಸಲಿಟ್ಟಿದ್ದನು. ಆ ಚಿತ್ರ ನಿರ್ಮಾಣವಾಗಲಿಲ್ಲ. ವಿಕ್ಟೋರಿಯಾ ಮನೆಯನ್ನು ಬಿಟ್ಟು ಜ್ಯಾಂ-ಬಾಪ್ತಿಸ್ತನನ್ನು ಮದುವೆಯಾಗಿ ಬೇರೊಂದು ದಾರಿಯನ್ನು ಹಿಡಿದಳು. 1971ರಲ್ಲಿ ಆವಿನ್ಯೋಂ ನಾಟಕೋತ್ಸವದಲ್ಲಿ ಈ ದಂಪತಿಗಳು ‘ಸಿರ್ಕ್ ಬೋಂಜೂರ್’ ಎಂಬ ಸರ್ಕಸ್ಸನ್ನು ತೋರಿಸಿದರು. ಅದೇ ಮುಂದೆ ‘ಕಲ್ಪನೆಯ ಸರ್ಕಸ್ಸು’ ಎಂದೂ, 1990ರಿಂದ ‘ಕಾಣದ ಸರ್ಕಸ್ಸು’ ಎಂದೂ ರೂಪಾಂತರ ಹೊಂದಿತು.

ಈ ಪುಟ್ಟ ಸರ್ಕಸ್ಸಿನ ಲಕ್ಷಣವನ್ನು ಗಮನಿಸಬೇಕು. ಅಲ್ಲಿ ಸಿಂಹಗಳಿಲ್ಲ, ಆನೆಗಳಿಲ್ಲ. ಬಹುಮಟ್ಟಿಗೆ ಇಬ್ಬರೇ ಆಟಗಾರರು. ಗಂಡನು ನಗೆಯ ಇಂದ್ರಜಾಲವನ್ನು ಮಾಡಿದರೆ, ಹೆಂಡತಿಯು ತಾನು ಉಟ್ಟ ಬಟ್ಟೆ, ಕುಳಿತ ಕುರ್ಚಿಗಳನ್ನೇ ಪ್ರಾಣಿಯನ್ನಾಗಿ ಮಾರ್ಪಡಿಸಿ ಅದರೊಳಗೆ ತಾನು ಮರೆಯಾಗುತ್ತಾಳೆ. ವಸ್ತುವಿಗೆ ಜೀವವನ್ನೂ ದೇಹಕ್ಕೆ ವಸ್ತುತ್ವವನ್ನೂ ಕೊಡುವ ಈ ವಿನಿಮಯವೇ ಅಲ್ಲಿಯ ಮುಖ್ಯ ಕಲೆ. ಮಗ ಜೇಮ್ಸ್ ಮತ್ತು ಮಗಳು ಒರೇಲಿಯಾ ಎಳೆಯ ವಯಸ್ಸಿನಲ್ಲಿ ಈ ಸರ್ಕಸ್ಸಿಗೆ ಬಂದುದು ಕಾಲು ಮೂಡಿ ನಡೆದಾಡುವ ಪೆಟ್ಟಿಗೆಗಳಾಗಿ. ಮುಂದೆ ಜೇಮ್ಸ್ ನಿರ್ದೇಶಿಸಿದ ಕೃತಿಗಳಲ್ಲಿ ಮಂಚ, ಸೋಫಾ, ಪರದೆಗಳು ಪಾತ್ರಗಳಂತೆ ವರ್ತಿಸುವುದಕ್ಕೆ ಕಾರಣವನ್ನು ಹುಡುಕುವವರು ತಾತನ ಚಲನಚಿತ್ರಗಳಿಗೆ ಹೋಗುವ ಮೊದಲು ಈ ಪೆಟ್ಟಿಗೆಯನ್ನು ತೆರೆದು ನೋಡಬೇಕು.

ಇದರ ಹಿನ್ನೆಲೆಯಲ್ಲಿರುವ ದೊಡ್ಡ ಇತಿಹಾಸವನ್ನೂ ಸಂಕ್ಷೇಪವಾಗಿ ಹೇಳುವುದು ಅವಶ್ಯಕ. ಆಧುನಿಕ ಸರ್ಕಸ್ಸಿನ ಆರಂಭವನ್ನು ಸಾಮಾನ್ಯವಾಗಿ 1768ಕ್ಕೆ ಕೊಂಡೊಯ್ಯುತ್ತಾರೆ. ಆ ವರ್ಷ ಫಿಲಿಪ್ ಆಸ್ಟ್ಲಿ ಎಂಬ ಮಾಜಿ ಅಶ್ವಾರೋಹಿ ಸೈನಿಕನು ಲಂಡನ್ನಿನಲ್ಲಿ ಕುದುರೆಯಾಟವನ್ನು ತೋರಿಸತೊಡಗಿದನು. ಫ್ರಾನ್ಸಿನಲ್ಲಿ ಈ ಕಲೆಯ ಗತಿಯನ್ನು ಕಾನೂನು ನಿರ್ಧರಿಸಿತು. 1807ರಲ್ಲಿ ನೆಪೋಲಿಯನ್ನನ ಆಡಳಿತವು ಪ್ಯಾರಿಸಿನ ನಾಟಕಶಾಲೆಗಳ ಸಂಖ್ಯೆಯನ್ನು ಎಂಟಕ್ಕೆ ಇಳಿಸಿ, ಉಳಿದ ವಿನೋದಪ್ರದರ್ಶನಗಳು ‘ನಾಟಕಶಾಲೆ’ ಎಂಬ ಹೆಸರನ್ನು ಧರಿಸಕೂಡದೆಂದು ವಿಧಿಸಿತು. 1864ರಲ್ಲಿ ನಾಟಕಶಾಲೆಗಳಿಗೆ ಸ್ವಾತಂತ್ರ್ಯ ಬಂದಮೇಲೂ ಮಾತಿನ ಕಲೆ ಮೇಲಿನದು, ಮೈಯ ಕಲೆ ಕೆಳಗಿನದು ಎಂಬ ಭಾವನೆ ಉಳಿದೇ ಇತ್ತು. 1979ರಲ್ಲಿ ಸರ್ಕಸ್ಸಿನ ಹೊಣೆ ಕೃಷಿ ಇಲಾಖೆಯಿಂದ ಸಂಸ್ಕೃತಿ ಇಲಾಖೆಗೆ ಬಂದಿತು ಎಂಬುದೊಂದೇ ಸಾಕು, ಅದುವರೆಗೆ ಈ ಕಲೆಗೆ ಇದ್ದ ಸ್ಥಾನವನ್ನು ತಿಳಿಯಲು. 1985ರಲ್ಲಿ ಶಾಲೋನ್ ನಗರದಲ್ಲಿ ರಾಷ್ಟ್ರೀಯ ಸರ್ಕಸ್ ವಿದ್ಯಾಕೇಂದ್ರ ಸ್ಥಾಪಿತವಾಯಿತು. ಹತ್ತು ವರ್ಷಗಳ ಅನಂತರ ಅಲ್ಲಿಯ ವಿದ್ಯಾರ್ಥಿಗಳು ಯೋಸೆಫ್ ನಾಜ್‌ನ ನಿರ್ದೇಶನದಲ್ಲಿ ಆಡಿದ ‘ಗೋಸುಂಬೆಯ ಕೂಗು’ ಎಂಬ ಕೃತಿ ಹೊಸ ಸರ್ಕಸ್ಸಿನ ಹೆಸರನ್ನು ಎಲ್ಲೆಡೆ ಹಬ್ಬಿಸಿತು.

ತಿಯೆರೆ ಈ ತಲೆಮಾರಿನವನಾದರೂ ಈ ಶಾಲೆಯ ವಿದ್ಯಾರ್ಥಿಯಲ್ಲ. ಸರ್ಕಾರದ ಪೋಷಣೆ ಬರುವುದಕ್ಕೆ ಮುಂಚೆಯೇ ತಂದೆತಾಯಿಗಳು ಕಡಿದ ಕಾಲುದಾರಿಯಲ್ಲಿ ಬಂದವನು. ತಂದೆಯು ನಾಟಕದಿಂದ ಸರ್ಕಸ್ಸಿಗೆ ಹೋದನು. ಮಗನು ಸರ್ಕಸ್ಸಿನಿಂದ ನಾಟಕಕ್ಕೆ ಮರಳಿ ಬಂದನು. 1998ರಲ್ಲಿ ಸ್ವಂತ ತಂಡವನ್ನು ಕಟ್ಟಿ ‘ಜೀರುಂಡೆಯ ಸ್ವರಮೇಳ’ವನ್ನು ರಂಗಕ್ಕೆ ತಂದನು. ಅದರ ಬೆನ್ನಲ್ಲಿ ‘ಪಾತಾಳದ ಜಾಗರಣೆ’ (2003), ‘ಛತ್ರಿಗೆ ವಿದಾಯ’ (2007), ‘ರಾವುಲ್’ (2009), ‘ಕೆಂಪು ಹೊಗೆಸೊಪ್ಪು’ (2013), ‘ಕಪ್ಪೆಯ ಮಾತೇ ಸರಿ’ (2016), ‘ರೂಮ್’ (2022) ಬಂದವು. ಇವುಗಳಲ್ಲಿ ಕೆಲವನ್ನು ದೃಶ್ಯಮುದ್ರಿಕೆಗಳಲ್ಲಿ ನೋಡಿ, ಕೆಲವನ್ನು ಚಿತ್ರ ಮತ್ತು ವರ್ಣನೆಗಳ ಮೂಲಕ ತಿಳಿದು ನಾನು ಬರೆಯುತ್ತಿದ್ದೇನೆ. ರಂಗದ ಎದುರಿನಲ್ಲಿ ಕುಳಿತವನ ಅಧಿಕಾರ ನನ್ನ ಮಾತಿಗಿಲ್ಲವೆಂಬುದನ್ನು ವಾಚಕರು ಗಮನದಲ್ಲಿಡಬೇಕು.

ಈ ಕೃತಿಗಳ ರಚನಾಕ್ರಮ ಬಹುಮಟ್ಟಿಗೆ ಒಂದೇ. ‘ಜೀರುಂಡೆಯ ಸ್ವರಮೇಳ’ದಲ್ಲಿ ಮನುಷ್ಯನೊಬ್ಬನು ನಿದ್ರೆಮಾಡಬೇಕೆಂದಿದ್ದಾನೆ, ಅವನ ಮಂಚವೂ ಕೋಣೆಯೂ ಅದಕ್ಕೆ ಅವಕಾಶ ಕೊಡುವುದಿಲ್ಲ. ‘ರಾವುಲ್’ನಲ್ಲಿ ಒಬ್ಬನು ಕಂಬಗಳನ್ನು ಒಟ್ಟಿ ಕಟ್ಟಿಕೊಂಡ ಮನೆಯೊಳಗೆ ಒಂಟಿಯಾಗಿದ್ದಾನೆ, ಅವನ ಕೈಕಾಲುಗಳೇ ಅವನ ಮಾತನ್ನು ಕೇಳವು, ಮನೆ ಸ್ವಲ್ಪಸ್ವಲ್ಪವಾಗಿ ಕಳಚಿಕೊಳ್ಳುತ್ತದೆ, ಹೊರಗಿನಿಂದ ವಿಚಿತ್ರ ಪ್ರಾಣಿಗಳು ಬಂದು ಹೋಗುತ್ತವೆ. ಸರ್ಕಸ್ಸಿನಲ್ಲಿ ಕಸರತ್ತು ಮುಗಿದೊಡನೆ ಆಟಗಾರನು ಕೈಯೆತ್ತಿ ಚಪ್ಪಾಳೆಯನ್ನು ಬೇಡುತ್ತಾನೆ. ತಿಯೆರೆ ಈ ಸಂಜ್ಞೆಯನ್ನು ತೆಗೆದುಹಾಕಿದನು. ಕಸರತ್ತು ಇಲ್ಲಿ ಸಾಧನೆಯೆಂದು ತೋರದೆ, ಪಾತ್ರಕ್ಕೆ ಒದಗಿದ ಸಂಕಟವೆಂದು ತೋರುತ್ತದೆ. ಮನುಷ್ಯನು ಲಾಗ ಹಾಕುವುದು ತನ್ನ ಕೌಶಲವನ್ನು ಮೆರೆಯುವುದಕ್ಕಾಗಿ ಅಲ್ಲ, ನೆಲ ತನ್ನನ್ನು ನಿಲ್ಲಗೊಡದ ಕಾರಣದಿಂದ. ಆಟಗಾರನು ನಿರ್ದೇಶಕನಾದುದರ ಮೊದಲ ಫಲವೂ, ನನ್ನ ಅಭಿಪ್ರಾಯದಲ್ಲಿ ಮುಖ್ಯ ಫಲವೂ ಇದೇ.

ದೋಷವೂ ಇಲ್ಲಿಯೇ ಇದೆ. ಸರ್ಕಸ್ಸಿನ ಆಟಗಳು ಒಂದರ ಬಳಿಕ ಒಂದು ಬರುತ್ತವೆ. ಒಂದರಿಂದ ಇನ್ನೊಂದು ಹುಟ್ಟುವುದಿಲ್ಲ. ಚಪ್ಪಾಳೆಯ ಸಂಜ್ಞೆಯನ್ನು ತೆಗೆದ ಮಾತ್ರಕ್ಕೆ ಈ ಜೋಡಣೆ ಕಾರ್ಯಕಾರಣ ಸಂಬಂಧವುಳ್ಳ ನಾಟಕವಾಗದು. ಒಬ್ಬನೇ ಪಾತ್ರಧಾರಿಯಾಗಿರುವ ‘ರಾವುಲ್’ನಲ್ಲಿ ಅವನ ದೇಹವೇ ಸೂತ್ರವಾಗಿ ಎಲ್ಲವನ್ನೂ ಕಟ್ಟಿಹಿಡಿಯುತ್ತದೆ. ಪಾತ್ರಗಳು ಹೆಚ್ಚಿದ ಕೃತಿಗಳಲ್ಲಿ ಈ ಸೂತ್ರ ಸಾಲುವುದಿಲ್ಲ. ಚಿತ್ರಗಳು ಅದ್ಭುತವಾಗಿದ್ದರೂ ಅವುಗಳ ಕ್ರಮವನ್ನು ಹಿಂದುಮುಂದು ಮಾಡಿದರೆ ಆಗುವ ನಷ್ಟ ಅಷ್ಟೇನೂ ಇಲ್ಲ. ವಂಶಕೀರ್ತಿಯಲ್ಲಿ ಮೈಮರೆತ ಹೊಗಳಿಕೆಯು ಈ ಕೊರತೆಯನ್ನು ಕವಿತ್ವವೆಂದು ಕರೆದು ಮುಂದೆ ಸಾಗುತ್ತದೆ.

ಈ ಕೊರತೆಯನ್ನು ನಿರ್ದೇಶಕನೇ ಬಲ್ಲನೆಂಬುದಕ್ಕೆ ‘ಕೆಂಪು ಹೊಗೆಸೊಪ್ಪು’ ಸಾಕ್ಷಿ. ಕೃತಿಯ ಕೇಂದ್ರದಲ್ಲಿರುವವನು ತನ್ನ ಜನರನ್ನು ಆಳಿ ದಣಿದ ವೃದ್ಧ ಪ್ರಭು. ಮೊದಲ ಪ್ರಯೋಗಗಳಲ್ಲಿ ಆ ಪಾತ್ರವನ್ನು ದೆನೀ ಲಾವಾಂ ಎಂಬ ಪ್ರಸಿದ್ಧ ನಟನಿಗೆ ಒಪ್ಪಿಸಿ ತಿಯೆರೆ ತಾನು ರಂಗದಿಂದ ಹಿಂದೆ ಸರಿದನು. ಮುಂದೆ ಆ ಪಾತ್ರವನ್ನು ತಾನೇ ವಹಿಸಿದನು. ಪ್ರಭುವಿನ ಇಚ್ಛೆಯಂತೆ ಕುಣಿಯುವ ಪರಿವಾರವನ್ನೂ, ಅವರ ನಡುವೆ ಹೊರಳುವ ಬೃಹತ್ತಾದ ಕನ್ನಡಿಗಳ ಗೋಡೆಯನ್ನೂ ಕಂಡವರಿಗೆ ಇದು ನಿರ್ದೇಶಕನೆಂಬ ಅಧಿಕಾರಿಯ ಆತ್ಮಪರೀಕ್ಷೆಯೆಂದು ತೋರದಿರದು. ಸ್ವಂತ ದೇಹದ ಮೇಲೆ ಆಳ್ವಿಕೆ ನಡೆಸುವುದು ಆಟಗಾರನ ಧರ್ಮ. ಪರರ ದೇಹದ ಮೇಲೆ ಆಳ್ವಿಕೆ ನಡೆಸುವ ಹಕ್ಕು ಅವನಿಗೆ ಎಲ್ಲಿಂದ ಬಂದಿತು? ಕೃತಿ ಈ ಪ್ರಶ್ನೆಗೆ ಉತ್ತರ ಕೊಡುವುದಿಲ್ಲ. ಆದರೂ ತಿಯೆರೆಯ ರಂಗಕಾರ್ಯದಲ್ಲಿ ನಿಜವಾದ ವಸ್ತುವೊಂದು ದೊರೆತುದು ಇಲ್ಲಿಯೇ ಎಂದು ನಾನು ಭಾವಿಸುತ್ತೇನೆ.

ಇದೇ ವಸ್ತು ಇತಿಹಾಸದ ವೇಷದಲ್ಲಿ ಮತ್ತೊಮ್ಮೆ ಅವನ ಮುಂದೆ ಬಂದಿತು. 2016ರಲ್ಲಿ ತೆರೆಕಂಡ, ರೋಷ್ದಿ ಝೆಮ್ ನಿರ್ದೇಶಿಸಿದ ‘ಶೊಕೊಲಾ’ ಚಲನಚಿತ್ರವು, ಕ್ಯೂಬಾದಲ್ಲಿ ಗುಲಾಮನಾಗಿ ಹುಟ್ಟಿ ಪ್ಯಾರಿಸಿನ ಸರ್ಕಸ್ಸಿನಲ್ಲಿ ಹೆಸರು ಗಳಿಸಿ, 1917ರಲ್ಲಿ ಬೊರ್ದೋ ನಗರದಲ್ಲಿ ತೀರಿಕೊಂಡ ರಫಾಯೆಲ್ ಪಾದಿಯಾ ಎಂಬ ಕಪ್ಪುವರ್ಣದ ವಿದೂಷಕನ ಕಥೆ. ಅವನ ಜೊತೆಗಾರನೂ ಶಿಕ್ಷಕನೂ ಆದ ಬಿಳಿಯ ವಿದೂಷಕ ಫುಟಿಟ್‌ನ ಪಾತ್ರ ತಿಯೆರೆಯದು. ಇದಕ್ಕಾಗಿ 2017ರಲ್ಲಿ ಅವನಿಗೆ ಪೋಷಕ ನಟನ ಸೆಜಾರ್ ಪ್ರಶಸ್ತಿ ಬಂದಿತು. ಚಿತ್ರವು ಇತಿಹಾಸವನ್ನು ಹಲವೆಡೆ ಬದಲಿಸಿದೆ. ನಾಯಕನು ಒಥೆಲೋ ಪಾತ್ರವನ್ನು ವಹಿಸುವ ದೃಶ್ಯ ಕಲ್ಪಿತವಾದುದು. ಆದರೆ ಫುಟಿಟ್‌ನ ಅಭಿನಯದಲ್ಲಿ ದಾಖಲೆಗಳು ಹೇಳಲಾರದ ಸತ್ಯವೊಂದಿದೆ. ಜೊತೆಗಾರನಿಗೆ ಆಟವನ್ನು ಕಲಿಸುವ ಕೈಯೇ ಪ್ರತಿರಾತ್ರಿ ಜನರೆದುರಿನಲ್ಲಿ ಅವನನ್ನು ಒದೆಯುವ ಆಟವನ್ನೂ ರಚಿಸುತ್ತದೆ. ಪ್ರೀತಿ, ಪರಿಶ್ರಮ, ದರ್ಪಗಳು ಒಂದೇ ಮುಖದಲ್ಲಿ ಬೆರೆತು ಕಾಣುತ್ತವೆ. ನಿರ್ದೇಶಕನ ಅಧಿಕಾರವನ್ನು ಕುರಿತು ಯೋಚಿಸದವನು ಈ ಪಾತ್ರವನ್ನು ಹೀಗೆ ಅಭಿನಯಿಸಲಾರ.

ಈ ಮುಖದಲ್ಲಿಯೂ ತಾತನ ಛಾಯೆಯನ್ನೇ ಕಂಡು ತೃಪ್ತರಾಗುವವರು ಕಳೆದುಕೊಳ್ಳುವುದು ಎರಡು. ಮೊದಲನೆಯದು, ಕಲಾವಿದನು ತಾನೇ ಎತ್ತಿದ ಪ್ರಶ್ನೆ. ಎರಡನೆಯದು, ಅವನ ತಾಯಿ. 2006ರಲ್ಲಿ ‘ಜೀರುಂಡೆಯ ಸ್ವರಮೇಳ’ಕ್ಕೆ ನಾಲ್ಕು ಮೊಲಿಯೇರ್ ಪ್ರಶಸ್ತಿಗಳು ಬಂದವು, ಅವುಗಳಲ್ಲಿ ನಿರ್ದೇಶನದ ಪ್ರಶಸ್ತಿ ಮಗನಿಗೆ ಸಂದಿತು, ಉಡುಪಿನ ಪ್ರಶಸ್ತಿಯಲ್ಲಿ ವಿಕ್ಟೋರಿಯಾಳ ಹೆಸರಿತ್ತು. ಮಗನ ರಂಗದಲ್ಲಿ ಸುಳಿದಾಡುವ ಪ್ರಾಣಿಗಳನ್ನು ರೂಪಿಸಿದವಳೂ ಆಕೆಯೇ. ರೆಕ್ಕೆ ಕಟ್ಟಬೇಕೆಂದಿದ್ದ ತಂದೆಯ ಚಿತ್ರವನ್ನು ಬಿಟ್ಟು ಹೋದ ಮಗಳು, ತನ್ನ ರೆಕ್ಕೆಗಳನ್ನು ತಾನೇ ಹೊಲಿದುಕೊಂಡು, ಅನಂತರ ಮಕ್ಕಳಿಗೂ ಹೊಲಿದುಕೊಟ್ಟಳು. ತಾತನಿಂದ ಮೊಮ್ಮಗನಿಗೆ ನೇರವಾಗಿ ಗೆರೆ ಎಳೆಯುವ ವಂಶಾವಳಿಯು ಈ ನಡುವಿನ ಹೆಸರನ್ನು ಕೇವಲ ದಾರಿಯಾಗಿ ಕಾಣುತ್ತದೆ. ನಮ್ಮ ಶಾಸನಗಳ ವಂಶಾವಳಿಗಳಲ್ಲಿಯೂ ಎಷ್ಟೋ ತಾಯಂದಿರ ಗತಿ ಇದೇ ಆಗಿದೆ.

ಜೇಮ್ಸ್ ತಿಯೆರೆ ಮಹಾನಿರ್ದೇಶಕನೇ ಎಂಬ ಪ್ರಶ್ನೆಗೆ ನನ್ನ ಉತ್ತರ: ಅವನು ಪೂರ್ಣಸಿದ್ಧಿಯನ್ನು ಪಡೆದ ಆಟಗಾರ, ಅರ್ಧಸಿದ್ಧಿಯನ್ನು ಪಡೆದ ನಿರ್ದೇಶಕ, ಆ ಉಳಿದರ್ಧದ ಅರಿವು ಅವನಿಗೇ ಇರುವುದರಿಂದ ಅವನ ಕೃತಿಗಳು ಗಮನಾರ್ಹವಾಗಿವೆ. ಅವನನ್ನು ಈ ಅಳತೆಯಿಂದ ಅಳೆಯುವುದು ಅವನಿಗೆ ಸಲ್ಲಿಸುವ ಗೌರವ. ಹಿಂದಿನ ಬೆಂಚಿನ ವಿದ್ಯಾರ್ಥಿನಿಗೆ ನಾನು ಮರುವಾರ ಉತ್ತರವನ್ನು ಹೇಳಿದೆ. ‘ಹಾಗಾದರೆ ಕಲಿಸಿದವರು ಯಾರು ಸಾರ್?’ ಎಂದು ಆಕೆ ಮತ್ತೆ ಕೇಳಿದಳು. ಈ ಲೇಖನ ಆ ಎರಡನೆಯ ಪ್ರಶ್ನೆಗೆ ಉತ್ತರ.