ಪ್ರಭುಲಿಂಗಲೀಲೆಯ ಅಲ್ಲಮ

15ನೆಯ ಶತಮಾನದ ಚಾಮರಸನ ‘ಪ್ರಭುಲಿಂಗಲೀಲೆ’ಯಲ್ಲಿ ಅಲ್ಲಮನ ತಂದೆ ನಿರಹಂಕಾರ, ತಾಯಿ ಸುಜ್ಞಾನಿ, ಮಾಯೆಯ ತಂದೆಯಾದರೋ ಬನವಸೆಯ ಅರಸು ಮಮಕಾರ. ತತ್ತ್ವಗಳಿಗೆ ಹೀಗೆ ಮೈದೊಡಿಸುವುದು ಕೃಷ್ಣಮಿಶ್ರನ ‘ಪ್ರಬೋಧಚಂದ್ರೋದಯ’ವನ್ನು ಓದಿದವರಿಗೆ ಹೊಸದಲ್ಲ. ಆದರೆ ಹುಟ್ಟುವಾಗಲೇ ಮಾಯೆಯನ್ನು ಗೆದ್ದವನಿಗೆ ಸೋಲಿನ ಭಯವೆಲ್ಲಿಯದು? ಹರಿಹರನ ರಗಳೆಯ ಅಲ್ಲಮನು ಕಾಮಲತೆಗೆ ಮನಸೋತವನು. ಆಕೆ ಜ್ವರದಿಂದ ಮಡಿಯಲು ಮರುಳನಂತೆ ಅಲೆದವನು. ಆ ಅಲೆದಾಟದಲ್ಲಿಯೇ ನೆಲದಲ್ಲಿ ಹೂತ ಗುಡಿಯ ಕಳಸವು ಅವನಿಗೆ ಕಾಣುತ್ತದೆ. ಒಳಗೆ ಅನಿಮಿಷನು ಧ್ಯಾನಸ್ಥನಾಗಿದ್ದಾನೆ. ಚಾಮರಸನಲ್ಲಿಯೂ ಅನಿಮಿಷನುಂಟು, ಅವನೆಡೆಗೆ ನಡೆಸುವ ಆ ಶೋಕವಿಲ್ಲ. ಇದು ಸಣ್ಣ ನಷ್ಟವಲ್ಲ.

ಗೋರಕ್ಷನ ಪ್ರಸಂಗದಲ್ಲಿ ಮಾತ್ರ ಚಾಮರಸನಿಗೆ ತಲೆಬಾಗಬೇಕು. ಸಿದ್ಧನ ವಜ್ರದೇಹಕ್ಕೆ ತಾಗಿದ ಖಡ್ಗವು ಖಣಿಲೆನ್ನುತ್ತದೆ. ಪ್ರಭುವಿನ ಮೈಯಲ್ಲಿ ಅದು ಬರಿಯ ಬಯಲಿನಲ್ಲಿ ಬೀಸಿದಂತೆ ಹಾಯ್ದುಹೋಗುತ್ತದೆ. ಶೂನ್ಯವೆಂಬುದನ್ನು ಮಕ್ಕಳಿಗೂ ಇಷ್ಟು ಸುಲಭವಾಗಿ ಕಾಣಿಸುವ ಬೇರೊಂದು ಪ್ರಸಂಗವನ್ನು ನಾನು ಓದಿಲ್ಲ.